ಪಾತ್ರದ ಹೆಸರು ಬರೆದು ಕಳಿಸು

ಬೆಳಗಾವಿ

ಚಿ. ಸುಮಾಳಿಗೆ ಅವ್ವನ ಆಶೀರ್ವಾದಗಳು.

ಬೆಂಗಳೂರಿನ ಧಾರಾವಾಹಿಗೆ ನೀನು ಆಯ್ಕೆಯಾದ ಸುದ್ದಿ ಕೇಳಿ ನಿನ್ನ ಅಪ್ಪ ಓಣಿಗೆಲ್ಲ ಪೇಢೆ ಹಂಚಿದರು. ನಾನು ಮಾತ್ರ ಫೋನಿನಲ್ಲಿ ಸುಮ್ಮನಿದ್ದೆ, ಅದಕ್ಕೆ ನೀನು ಮುನಿಸಿಕೊಂಡೆ. ಆಗ ನನ್ನ ಮನಸ್ಸಿನಲ್ಲಿದ್ದವಳು ಟಿವಿಯಲ್ಲಿ ರಜನಿಯ ಪಾತ್ರ ಮಾಡಿದ ನಟಿ ಪ್ರಿಯಾ ತೆಂಡೂಲ್ಕರ್.

1985ರಲ್ಲಿ ಬಾಸು ಚಟರ್ಜಿಯವರು ನಿರ್ದೇಶಿಸಿದ ‘ರಜನಿ’ ಎಂಬ ಹಿಂದಿ ಧಾರಾವಾಹಿ ದೂರದರ್ಶನದಲ್ಲಿ ವಾರಕ್ಕೊಂದು ಕಂತಿನಂತೆ ಬರುತ್ತಿದ್ದಾಗ ನಾನು ಐದನೆಯ ಇಯತ್ತೆಯಲ್ಲಿದ್ದೆ. ಶಹಾಪುರದ ನಮ್ಮ ಓಣಿಗೆಲ್ಲ ಒಂದೇ ಟಿವಿ ಇದ್ದುದರಿಂದ ಆ ಹೊತ್ತಿಗೆ ಆ ಮನೆಯ ಪಡಸಾಲೆಯಲ್ಲಿ ಕಾಲಿಡಲು ಜಾಗವಿರುತ್ತಿರಲಿಲ್ಲ. ದಿನನಿತ್ಯದ ಅನ್ಯಾಯವನ್ನು ಕಂಡಲ್ಲೇ ಪ್ರಶ್ನಿಸುವ ಒಬ್ಬ ಸಾಮಾನ್ಯ ಗೃಹಿಣಿಯ ಕಥೆ ಅದು. ಹಿಂದಿ ಪೂರ್ತಿ ತಿಳಿಯದ ನನ್ನ ಅವ್ವ, ಅಂದರೆ ನಿನ್ನ ಆಯಿಗೂ ಅವಳ ಸಿಟ್ಟು ಚೆನ್ನಾಗಿ ತಿಳಿಯುತ್ತಿತ್ತು.

‘ರಜನಿ’ಯಲ್ಲಿ ಗ್ಯಾಸ್ ಸಿಲಿಂಡರಿನ ಕಂತು ಬಂದ ಮೇಲೆ ಆಯಿ ಕಾಳಿನ ಅಂಗಡಿಯಿಂದ ಕಾಟಾ ತರಿಸಿ ಬಾಗಿಲಲ್ಲಿ ಇಟ್ಟುಕೊಂಡಳು. ಸಿಲಿಂಡರಿನ ಮೇಲೆ ಅಚ್ಚೊತ್ತಿದ ಖಾಲಿ ತೂಕ 15.9 ಎಂದು ನಾನು ಓದಿದೆ, ಗ್ಯಾಸಿನ 14.2 ಕಿಲೋ ಕೂಡಿಸಿದರೆ 30.1 ಆಗಬೇಕು ಎಂದು ಪಾಟಿಯ ಮೇಲೆ ಬರೆದು ತೋರಿಸಿದೆ. ಕಾಟಾ 28ರ ಹತ್ತಿರ ನಿಂತಿತು. ತಂದವನು ಬೆವರೊರೆಸಿಕೊಂಡು, “ನೀವೂ ರಜನಿ ಆದ್ರೇನ್ರೀ ಅಕ್ಕಾರ?” ಎಂದವನೇ ಸಿಲಿಂಡರ್ ಹೊತ್ತುಕೊಂಡು ಹೋಗಿ ಬೇರೊಂದನ್ನು ತಂದ. ಅಂದಿನಿಂದ ಓಣಿಯವರಿಗೆ ನಿನ್ನ ಆಯಿ ರಜನಿಬಾಯಿ. ಇಂದಿಗೂ ಹಳೆಯ ನೆರೆಯವರು ಹಾಗೆಯೇ ಕರೆಯುತ್ತಾರೆ.

ಇದೇ ಆಯಿ ಏಣಗಿ ಬಾಳಪ್ಪನವರ ಕಂಪನಿ ನಾಟಕಗಳನ್ನು ರಾತ್ರಿಯೆಲ್ಲ ಕೂತು ನೋಡಿದವಳು. ಆದರೂ ನಟಿಯ ಕಸುಬು ನಮ್ಮ ಮನೆಗೆ ಬೇಡ ಎನ್ನುತ್ತಿದ್ದಳು, ಮತ್ತು ಆ ಮಾತಿನಲ್ಲಿ ಸಣ್ಣತನವಿತ್ತೆಂದೇ ನನ್ನ ಅಭಿಪ್ರಾಯ. ರಂಗದ ಮೇಲಿನ ನಟಿ ದೂರದಲ್ಲಿದ್ದಳು, ಹಿಂದಿನ ಸಾಲಿಗೂ ಕೇಳುವಂತೆ ದನಿಯೆತ್ತುತ್ತಿದ್ದಳು. ಟಿವಿಯವಳು ಕೈಗೆಟುಕುವಷ್ಟು ಹತ್ತಿರ ಬಂದು, ಪಕ್ಕದ ಮನೆಯವಳಂತೆ ಮೆಲ್ಲಗೆ ಮಾತಾಡಿದಳು. ಅಷ್ಟಕ್ಕೇ ಆಯಿ ಕರಗಿದಳು.

ಆದರೆ ಪ್ರಿಯಾ ಅವರ ಕೆಲಸವನ್ನು ಒಮ್ಮೆ ಎಣಿಸಿ ನೋಡು. ನಾಟಕಕಾರ ವಿಜಯ್ ತೆಂಡೂಲ್ಕರರ ಮಗಳಾದ ಅವರು 1974ರ ‘ಅಂಕುರ್’ನಲ್ಲಿ ಅನಂತನಾಗರ ಹೆಂಡತಿಯ ಪಾತ್ರ ಮಾಡಿದ್ದರು. 1980ರಲ್ಲಿ ಶಂಕರನಾಗರ ‘ಮಿಂಚಿನ ಓಟ’ದಲ್ಲಿ, ನಮ್ಮದೇ ಭಾಷೆಯ ಚಿತ್ರದಲ್ಲಿ, ಅಭಿನಯಿಸಿದ್ದರು, ಆ ಚಿತ್ರವನ್ನು ನೋಡಿದ್ದ ನಮ್ಮ ಮನೆಯವರಲ್ಲಿ ಒಬ್ಬರಿಗೂ ಐದು ವರ್ಷಗಳ ನಂತರ ಆ ಮುಖದ ಗುರುತು ಸಿಗಲಿಲ್ಲ. ಮರಾಠಿಯಲ್ಲಿ ಕಥೆಗಳನ್ನು ಬರೆದರು, ಮುಂದೆ ಟಿವಿಯಲ್ಲೇ ಚರ್ಚಾ ಕಾರ್ಯಕ್ರಮವನ್ನು ನಡೆಸಿಕೊಟ್ಟರು. 2002ರ ಸೆಪ್ಟೆಂಬರ್ 19ರಂದು, 47ನೆಯ ವಯಸ್ಸಿನಲ್ಲಿ ಅವರು ತೀರಿಕೊಂಡ ಸುದ್ದಿ ಬಂದಾಗ ಆಯಿ ರೊಟ್ಟಿ ಬಡಿಯುತ್ತಿದ್ದಳು. “ರಜನಿ ಹೋದ್ಳಂತ” ಎಂದು ಹಿಟ್ಟಿನ ಕೈಯಲ್ಲೇ ಎದ್ದು ಹೊರಗೆ ಬಂದಳು. ಪ್ರಿಯಾ ಎಂಬ ಹೆಸರು ಅವಳಿಗೆ ಗೊತ್ತೇ ಇರಲಿಲ್ಲ.

ಅದು ವಾರಕ್ಕೊಮ್ಮೆ ಬಂದ ಪಾತ್ರ. ನಿನ್ನದು ದಿನಾ ರಾತ್ರಿ ಬರುವಂಥದ್ದು, ಎಷ್ಟು ವರ್ಷ ನಡೆಯುವುದೋ ಆರಂಭದಲ್ಲಿ ಯಾರೂ ಹೇಳಲಾರರು. ಹಾಗೆಂದು ಬೇಡವೆನ್ನುವುದಿಲ್ಲ. ಕರಾರಿನ ಕಾಗದವನ್ನು ಪೂರ್ತಿ ಓದಿಯೇ ಸಹಿ ಮಾಡು, ನಡುವೆ ನಾಟಕ ಮಾಡಲು ಬಿಡುವು ಕೊಡುತ್ತಾರೋ ಕೇಳಿ ಬರೆಯಿಸಿಕೊ. ನಿನ್ನ ಎಂ.ಎ. ಪರೀಕ್ಷೆಯ ಫೀಯನ್ನು ನಾನು ಕಟ್ಟಿದ್ದೇನೆ, ಅದನ್ನು ಬಿಡಬೇಡ.

ಆಯಿ ಈಗ ಒಂದೇ ಸಮನೆ ಕೇಳುತ್ತಿದ್ದಾಳೆ, ಧಾರಾವಾಹಿಯಲ್ಲಿ ನಿನ್ನ ಹೆಸರೇನು ಎಂದು. ಗೊತ್ತಿಲ್ಲವೆಂದರೆ ನಂಬುವುದಿಲ್ಲ. ಬರೆದು ಕಳಿಸು, ಆದರೆ ಅವಳಿಗೆ ಯಾವಾಗ ಹೇಳಬೇಕೆಂಬುದನ್ನು ನಾನು ನೋಡಿಕೊಳ್ಳುತ್ತೇನೆ.

ನಿನ್ನ ಅವ್ವ