ಕತ್ತರಿ ಹಿಡಿದವರ ಹೆಸರು

ಪ್ರೀತಿಯ ಪುಟ್ಟೀ,

ಎಂಟು ತಿಂಗಳು ಕುಳಿತು ನೀನು ಸಂಕಲನ ಮಾಡಿದ ಸಾಕ್ಷ್ಯಚಿತ್ರದ ಆಹ್ವಾನ ಪತ್ರಿಕೆಯಲ್ಲಿ ನಿನ್ನ ಹೆಸರನ್ನೇ ಬಿಟ್ಟಿದ್ದಾರೆ ಎಂದು ಮೊನ್ನೆ ಫೋನಿನಲ್ಲಿ ಹೇಳುವಾಗ ನಿನ್ನ ದನಿ ಕುಗ್ಗಿತ್ತು. ಆ ಹೊತ್ತಿಗೆ ನನಗೆ ಸಮಾಧಾನದ ಒಂದು ಮಾತೂ ತೋಚಲಿಲ್ಲ. ರಾತ್ರಿ ಮಲಗಿದ ಮೇಲೆ ನೆನಪಾದವರು ಬ್ರಿಟನ್ನಿನ ಸಾಕ್ಷ್ಯಚಿತ್ರಗಳ ಸಂಕಲನಕಾರ ಸ್ಟುವರ್ಟ್ ಮೆಕ್‌ಆಲಿಸ್ಟರ್. ಅವರ ವಿಷಯ ಫೋನಿನಲ್ಲಿ ಹೇಳಿ ಮುಗಿಸುವಂಥದ್ದಲ್ಲವಾದ್ದರಿಂದ ಈ ಪತ್ರ ಬರೆಯುತ್ತಿದ್ದೇನೆ.

ಸ್ಕಾಟ್ಲೆಂಡಿನ ವಿಶಾ ಎಂಬ ಊರಿನಲ್ಲಿ 1914ರಲ್ಲಿ ಹುಟ್ಟಿದ ಅವರು ಕಲಿತದ್ದು ಚಿತ್ರಕಲೆ. ಗ್ಲ್ಯಾಸ್ಗೊ ಕಲಾಶಾಲೆಯಲ್ಲಿ ಅವರ ಸಹಪಾಠಿಯಾಗಿದ್ದ ನಾರ್ಮನ್ ಮೆಕ್‌ಲಾರೆನ್ ಮುಂದೆ ಕೆನಡಾಕ್ಕೆ ಹೋಗಿ ಆನಿಮೇಷನ್ ಚಿತ್ರಗಳಿಂದ ಜಗತ್ತಿಗೆಲ್ಲ ಪರಿಚಿತರಾದರು. ಇಬ್ಬರೂ ಲಂಡನ್ನಿನ ಜಿ.ಪಿ.ಓ. ಫಿಲ್ಮ್ ಯೂನಿಟ್ಟಿನಲ್ಲಿ ಕೆಲಸ ಮಾಡಿದವರು. ಅಂಚೆ ಇಲಾಖೆಗೆ ಸೇರಿದ್ದ ಆ ಘಟಕ ಯುದ್ಧಕಾಲದಲ್ಲಿ ವಾರ್ತಾ ಸಚಿವಾಲಯದ ಅಧೀನಕ್ಕೆ ಬಂದು ಕ್ರೌನ್ ಫಿಲ್ಮ್ ಯೂನಿಟ್ ಆಯಿತು.

ಸರ್ಕಾರಿ ಸಾಕ್ಷ್ಯಚಿತ್ರವೆಂದರೆ ನನ್ನ ತಲೆಮಾರಿನವರಿಗೆ ನೆನಪಾಗುವುದು ಟಾಕೀಸಿನಲ್ಲಿ ಮುಖ್ಯ ಚಿತ್ರಕ್ಕೆ ಮೊದಲು ತೋರಿಸುತ್ತಿದ್ದ ಫಿಲ್ಮ್ಸ್ ಡಿವಿಷನ್ನಿನ ರೀಲು ಮತ್ತು ಅದರ ಗಟ್ಟಿ ದನಿಯ ನಿರೂಪಣೆ. ಹಾಗಾಗಿ ಕ್ರೌನ್ ಯೂನಿಟ್ಟಿನ 1942ರ ‘ಲಿಸನ್ ಟು ಬ್ರಿಟನ್’ ಚಿತ್ರವನ್ನು ಮೊದಲ ಸಲ ನೋಡಿದಾಗ ನಾನು ಬೆರಗಾದೆ. ಸುಮಾರು ಇಪ್ಪತ್ತು ನಿಮಿಷದ ಆ ಚಿತ್ರದಲ್ಲಿ ನಿರೂಪಣೆಯೇ ಇಲ್ಲ. (ಅಮೆರಿಕದ ಪ್ರೇಕ್ಷಕರಿಗೆಂದು ಮೊದಲಿಗೆ ಒಂದು ಭಾಷಣವನ್ನು ಅಂಟಿಸಿದರು, ನನ್ನನ್ನು ಕೇಳಿದರೆ ಅದು ಬೇಕಿರಲಿಲ್ಲ.) ತೆನೆ ತುಂಬಿದ ಹೊಲದ ಮೇಲೆ ಹಾರುವ ವಿಮಾನಗಳು, ಬ್ಲ್ಯಾಕ್‌ಪೂಲಿನಲ್ಲಿ ಕುಣಿಯುವ ಜೋಡಿಗಳು, ರೈಲಿನಲ್ಲಿ ಹಾಡುವ ಕೆನಡಾದ ಸೈನಿಕರು, ಕಾರ್ಖಾನೆಯ ಯಂತ್ರಗಳು, ಶಾಲೆಯ ಅಂಗಳದ ಮಕ್ಕಳು. ಬಾಂಬಿನ ಭಯದಲ್ಲಿದ್ದ ಒಂದು ದೇಶವನ್ನು ಸದ್ದುಗಳಿಂದಲೇ ಕಟ್ಟಿ ನಿಲ್ಲಿಸಿದ್ದಾರೆ.

ಅದರಲ್ಲಿ ಒಂದು ಜಾಗವನ್ನು ನೀನು ಗಮನವಿಟ್ಟು ನೋಡಬೇಕು. ಕಾರ್ಖಾನೆಯ ಕ್ಯಾಂಟೀನಿನಲ್ಲಿ ಫ್ಲಾನಗನ್ ಮತ್ತು ಆಲನ್ ಎಂಬ ಜನಪ್ರಿಯ ಹಾಸ್ಯ ಜೋಡಿ ಹಾಡುತ್ತಿದೆ. ಕೆಲಸಗಾರರು ಊಟದ ನಡುವೆಯೇ ಅದಕ್ಕೆ ಸಿಳ್ಳೆ ಸೇರಿಸುತ್ತಿದ್ದಾರೆ. ಆ ಹಾಡಿನ ಬಾಲದಿಂದಲೇ ಮೊಜಾರ್ಟನ ಸಂಗೀತ ಮೇಲೆದ್ದು, ನಾವು ಲಂಡನ್ನಿನ ಕಲಾಸಂಗ್ರಹಾಲಯವಾದ ನ್ಯಾಷನಲ್ ಗ್ಯಾಲರಿಗೆ ಬಂದಿರುತ್ತೇವೆ. ಅಲ್ಲಿ ಪಿಯಾನೊ ನುಡಿಸುತ್ತಿರುವವರು ಮೈರಾ ಹೆಸ್. ಕೇಳುಗರ ನಡುವೆ ರಾಣಿ ಕುಳಿತಿದ್ದಾರೆ, ಸ್ಯಾಂಡ್‌ವಿಚ್ ತಿನ್ನುತ್ತಿರುವ ಸಾಮಾನ್ಯರೂ ಇದ್ದಾರೆ. ವರ್ಣಚಿತ್ರಗಳನ್ನೆಲ್ಲ ಸುರಕ್ಷಿತ ಜಾಗಕ್ಕೆ ಸಾಗಿಸಿದ್ದರಿಂದ ಗೋಡೆಯಲ್ಲಿ ಉಳಿದಿರುವುದು ಬರೀ ಚೌಕಟ್ಟುಗಳು. ಕ್ಯಾಂಟೀನಿನ ಹಾಡಿಗೂ ಮೊಜಾರ್ಟನಿಗೂ ಒಂದೇ ಪಂಕ್ತಿಯಲ್ಲಿ ಎಲೆ ಹಾಕುವ ಈ ಔದಾರ್ಯ ಮೂಡಿದ್ದು ಆ ಜೋಡಣೆಯಲ್ಲಿ. ಎರಡು ಸಂಗೀತವನ್ನೂ ಕಿವಿಗೊಟ್ಟು ಕೇಳಿ, ಹೊಲಿಗೆ ಕಾಣದಂತೆ ಕೂಡಿಸುವ ಕೈ ಇಲ್ಲದಿದ್ದರೆ ಅವು ಬೇರೆ ಬೇರೆ ಡಬ್ಬಿಯಲ್ಲಿದ್ದ ಎರಡು ತುಂಡು ಫಿಲ್ಮುಗಳು ಅಷ್ಟೆ.

ಈ ಚಿತ್ರದ ಟೈಟಲ್ಲಿನಲ್ಲಿ ನಿರ್ದೇಶನ ಮತ್ತು ಸಂಕಲನ ಎರಡಕ್ಕೂ ಹಂಫ್ರಿ ಜೆನಿಂಗ್ಸ್ ಮತ್ತು ಸ್ಟುವರ್ಟ್ ಮೆಕ್‌ಆಲಿಸ್ಟರ್ ಎಂದು ಇಬ್ಬರ ಹೆಸರೂ ಜೊತೆಯಾಗಿ ಬರುತ್ತವೆ. ಜೆನಿಂಗ್ಸ್ ಆಗಲೇ ಹೆಸರು ಮಾಡಿದ್ದ ನಿರ್ದೇಶಕರು. 1941ರ ‘ವರ್ಡ್ಸ್ ಫಾರ್ ಬ್ಯಾಟಲ್’, ಅಗ್ನಿಶಾಮಕರ ಕುರಿತ 1943ರ ‘ಫೈರ್ಸ್ ವರ್ ಸ್ಟಾರ್ಟೆಡ್’ ಕೂಡ ಈ ಜೋಡಿಯ ಕೆಲಸವೇ. ಆದರೂ 1950ರಲ್ಲಿ ಗ್ರೀಸಿನಲ್ಲಿ ಬಂಡೆಯಿಂದ ಬಿದ್ದು ತೀರಿಕೊಂಡ ಜೆನಿಂಗ್ಸರನ್ನು ಲೋಕ ಕವಿಯೆಂದು ಕೊಂಡಾಡಿತು. ಬ್ರಿಟಿಷ್ ಟ್ರಾನ್ಸ್‌ಪೋರ್ಟ್ ಫಿಲ್ಮ್ಸ್‌ನಲ್ಲಿ ಕೆಲಸ ಮಾಡುತ್ತ 1962ರಲ್ಲಿ ತೀರಿಕೊಂಡ ಮೆಕ್‌ಆಲಿಸ್ಟರರನ್ನು ಮರೆಯಿತು. ಇದನ್ನು ಓದಿದಾಗ ನನಗೆ ನಿಜವಾಗಿಯೂ ನೋವಾಯಿತು.

ಅವರನ್ನು ಹುಡುಕಿ ತೆಗೆದವರು ಇನ್ನೊಬ್ಬ ಸಂಕಲನಕಾರರೇ. ಸಾಕ್ಷ್ಯಚಿತ್ರಗಳ ಸಂಕಲನವನ್ನೇ ವೃತ್ತಿಯಾಗಿಸಿಕೊಂಡಿದ್ದ ಡೈ ವಾನ್ 1983ರಲ್ಲಿ ಮೆಕ್‌ಆಲಿಸ್ಟರರ ದುಡಿಮೆಯ ಬಗ್ಗೆ ಒಂದು ಇಡೀ ಪುಸ್ತಕ ಬರೆದು, ಅವರನ್ನು ‘ಕಣ್ಣಿಗೆ ಕಾಣದ ಮನುಷ್ಯ’ ಎಂದು ಕರೆದರು. ಕಟ್ ಎಲ್ಲಿ ಬಿದ್ದಿದೆ, ಏಕೆ ಅಲ್ಲೇ ಬಿದ್ದಿದೆ ಎಂದು ಕೇಳಲು ಅದೇ ಕಸುಬಿನವರ ಕಣ್ಣು ಬೇಕಿತ್ತೇನೋ.

ನೀನು ಆ ನಿರ್ಮಾಪಕರಿಗೆ ಪತ್ರ ಬರೆ. ಹೆಸರು ಸೇರಿಸಿ ಎಂದು ಮರ್ಯಾದೆಯಿಂದಲೇ, ಆದರೆ ಸ್ಪಷ್ಟವಾಗಿ ಕೇಳು. ಅದು ಅಹಂಕಾರವಲ್ಲ. ಮುಂದಿನ ಸಲ ಊರಿಗೆ ಬಂದಾಗ ಆ ಕ್ಯಾಂಟೀನಿನ ಭಾಗವನ್ನು ನಿನ್ನ ಲ್ಯಾಪ್‌ಟಾಪಿನಲ್ಲಿ ನಿಲ್ಲಿಸಿ ನಿಲ್ಲಿಸಿ ನನಗೆ ತೋರಿಸು. ನಾಲ್ಕು ಸಲ ಕೇಳಿದರೂ ಹಾಡು ಎಲ್ಲಿ ಮುಗಿಯಿತು, ಮೊಜಾರ್ಟ್ ಎಲ್ಲಿ ಶುರುವಾಯಿತು ಎಂಬುದು ನನ್ನ ಕಿವಿಗೆ ಇನ್ನೂ ಸಿಕ್ಕಿಲ್ಲ.

ನಿನ್ನ ಪ್ರೀತಿಯ
ಅಪ್ಪ