ಬಟಾಟಿ ಅಂದರೆ ತಿಳಿಯುವ ಊರು

ದೋಸ್ತ,

ಬೆಂಗಳೂರಿಗೆ ವರ್ಗವಾಯಿತು ಅಂತ ಬರೆದಿದ್ದೀಯ. "ಕನ್ನಡದ ಊರೇ ಅಲ್ವಾ, ಹೊಂದಿಕೊಳ್ಳೋದೇನು ಕಷ್ಟ" ಅಂತಲೂ. 2012ರಲ್ಲಿ ಧಾರವಾಡ ಬಿಡುವಾಗ ನಾನೂ ಹೀಗೇ ಅಂದುಕೊಂಡಿದ್ದೆ.

ಮೊದಲ ವಾರ ತರಕಾರಿ ಅಂಗಡಿಗೆ ಹೋಗಿ "ಬಟಾಟಿ ಹೆಂಗ್ರೀ?" ಅಂದೆ. ಅಂಗಡಿಯವ ಪಿಳಿಪಿಳಿ ನೋಡಿದ. ಬೆರಳು ಮಾಡಿ ತೋರಿಸಿದೆ. "ಓ, ಆಲೂಗಡ್ಡೆನಾ! ಯಾವೂರು ನಿಮ್ದು?" ಅಂದ. ಕೇಳಿದ್ದರಲ್ಲಿ ತಪ್ಪೇನೂ ಇರಲಿಲ್ಲ. ಆದರೂ ಅವತ್ತಿನಿಂದ ನನ್ನ ಉಳ್ಳಾಗಡ್ಡಿ ಈರುಳ್ಳಿಯಾಯಿತು, ಶೇಂಗಾ ಕಡ್ಲೆಕಾಯಿಯಾಯಿತು. "ರೀ" ಮಾತ್ರ ಹೋಗಲಿಲ್ಲ. ಆಫೀಸಿನಲ್ಲಿ ನನ್ನ ಹೆಸರಿಗಿಂತ "ಧಾರವಾಡದ ಕಡೆಯವರು" ಅನ್ನೋದೇ ಜಾಸ್ತಿ ಓಡುತ್ತಿತ್ತು. ಧಾರವಾಡದಲ್ಲಿ ಇದ್ದಾಗ ನನ್ನನ್ನು ಯಾರಾದರೂ ಹಾಗೆ ಕರೆದಿದ್ದರಾ?

ಆರು ವರ್ಷ ಕಳೆದು ಮುಂಬೈಗೆ ಬಂದೆ. ಭಾಷೆಯೇ ಬೇರೆ, ಹೆದರಿಕೆ ಇತ್ತು. ಮರುದಿನ ಬೆಳಿಗ್ಗೆ ಕೆಳಗೆ ಗಾಡಿಯವಳು ಕೂಗಿದಳು, "ಬಟಾಟೆ ಘ್ಯಾ, ಕಾಂದೆ ಘ್ಯಾ!" ಕಿಟಕಿಯಲ್ಲಿ ನಿಂತು ಒಬ್ಬನೇ ನಕ್ಕೆ. ಪಕ್ಕದ ಮನೆಯ ಕಾಕು ಝುಣಕಾ-ಭಾಕರಿ ಕಳಿಸಿದರು. ನೋಡು, ಚಿಕ್ಕಮ್ಮನಿಗೆ ಕಾಕು ಅನ್ನೋ ಮಾತೂ ನಮ್ಮದೇ. 1956ರವರೆಗೆ ಧಾರವಾಡ ಮುಂಬೈ ರಾಜ್ಯಕ್ಕೇ ಸೇರಿತ್ತಲ್ಲ, ಅಜ್ಜ "ನಮ್ಮ ಮುಂಬೈ" ಅಂದಾಗೆಲ್ಲ ನಾವು ಸುಮ್ನೆ ನಗುತ್ತಿದ್ದೆವು.

ಹಾಗಂತ ಎಲ್ಲಾ ಸಲೀಸಾಯಿತು ಅಂತಲ್ಲ. ಇಲ್ಲಿ ನಾನು "ಸೌತ್ ಇಂಡಿಯನ್." ದಿನಾ ಇಡ್ಲಿ ತಿನ್ನುತ್ತೇನೆ ಅಂತ ಎಲ್ಲರೂ ನಂಬಿದ್ದಾರೆ. ಕನ್ನಡ ಕೇಳಬೇಕು ಅನಿಸಿದರೆ ಮಾಟುಂಗಕ್ಕೆ ಹೋಗುತ್ತೇನೆ. ಅಲ್ಲಿ 1926ರಲ್ಲಿ ಶುರುವಾದ ಕನ್ನಡಿಗರ ಸಂಘ ಮೈಸೂರು ಅಸೋಸಿಯೇಷನ್ ಇದೆ. ಆಗ ನಾವು ಮೈಸೂರಿನವರೇ ಅಲ್ಲ ಬಿಡು! ಒಂದು ಉಡುಪಿ ಹೋಟೆಲ್‌ನಲ್ಲಿ ಬಡಿಸುವವರು ತಮ್ಮತಮ್ಮಲ್ಲಿ ತುಳು ಆಡುತ್ತಿದ್ದರು. ನಾನು ಬಾಯಿ ಬಿಟ್ಟ ಕೂಡಲೇ ಒಬ್ಬರು, "ನೀವು ಘಟ್ಟದ ಮೇಲಿನವರಾ ಮಾರಾಯ್ರೆ?" ಅಂದರು. ಹೀಗೆ ಇನ್ನೊಂದು ಹೆಸರು ಸಿಕ್ಕಿತು. ಇನ್ನೊಂದು ಸೌಟು ಸಾರೂ ಸಿಕ್ಕಿತು.

ಕಳೆದ ದೀಪಾವಳಿಗೆ ಊರಿಗೆ ಹೋಗಿದ್ದೆ. ಅಡುಗೆಮನೆಯಲ್ಲಿ ನಿಂತು "ಈರುಳ್ಳಿ ಹೆಚ್ಚಿ ಕೊಡಲಾ?" ಅಂದೆ. ಅವ್ವ ಈಳಿಗೆ ಬಿಟ್ಟು ತಿರುಗಿ ನೋಡಿದಳು. "ಏನ್ ಹೆಚ್ಚತೀಯೋ?"

ಹೊರಡುವ ಮೊದಲು ನಮ್ಮ ಮನೆಗೆ ಹೋಗು. ಶೇಂಗಾ ಚಟ್ನಿ ಎರಡು ಡಬ್ಬಿ ಕೊಡುತ್ತಾಳೆ. ದೊಡ್ಡದು ನಂದು. ಅದನ್ನೂ ಬೆಂಗಳೂರಿಗೆ ಒಯ್ಯಬೇಡ ಮತ್ತೆ, ದಾದರ್ ಗಾಡಿಗೆ ಬರುವವರ ಕೈಲಿ ಕಳಿಸು.

ನಿನ್ನ ದೋಸ್ತ