ಫೆಟಿಸೊವ್ ಓಡಿಹೋಗಲಿಲ್ಲ ಸ್ವಾಮಿ

ಸಂಪಾದಕರೇ, ನಮಸ್ಕಾರ.

ಮೊನ್ನೆ ನಿಮ್ಮ ಕ್ರೀಡಾ ಪುಟದ ಮೂಲೆಯಲ್ಲಿ ರಷ್ಯಾದ ಐಸ್ ಹಾಕಿ ಆಟಗಾರ ವ್ಯಾಚೆಸ್ಲಾವ್ ಫೆಟಿಸೊವ್ ಬಗ್ಗೆ ಐದಾರು ಸಾಲು ಹಾಕಿದ್ದಿರಿ. ಖುಷಿ ಆಯಿತು. ಆದರೆ ಅದರಲ್ಲಿ 'ಸೋವಿಯತ್ ಒಕ್ಕೂಟದಿಂದ ಅಮೆರಿಕಕ್ಕೆ ಓಡಿಹೋದ ಡಿಫೆಂಡರ್' ಅಂತ ಇತ್ತು, ಪಕ್ಕದಲ್ಲಿ ನಮ್ಮ ಮೈದಾನದ ಹಾಕಿ ಸ್ಟಿಕ್ಕಿನ ಚಿತ್ರ ಬೇರೆ. ಸ್ಟಿಕ್ ಬಿಡಿ, ಹೊಟ್ಟೆಗೆ ಹಾಕಿಕೊಳ್ಳಬಹುದು. 'ಓಡಿಹೋದ' ಅನ್ನೋದನ್ನು ಮಾತ್ರ ಬಿಡೋಕೆ ಆಗಲ್ಲ. ಓಡಿಹೋಗುವುದಿಲ್ಲ ಎಂದು ಹಟ ಹಿಡಿದು ಕೂತದ್ದೇ ಆ ಮನುಷ್ಯನ ಕಥೆ.

ಓಡಿಹೋದವರು ಬೇರೆ. ಅಲೆಕ್ಸಾಂಡರ್ ಮೊಗಿಲ್ನಿ ಅಂತ, 20 ವರ್ಷದ ಹುಡುಗ, ಅದೇ ಸೋವಿಯತ್ ತಂಡದ ಫಾರ್ವರ್ಡ್. 1989ರ ಮೇ ತಿಂಗಳಲ್ಲಿ ಸ್ಟಾಕ್‌ಹೋಮ್‌ನಲ್ಲಿ ವಿಶ್ವ ಚಾಂಪಿಯನ್‌ಶಿಪ್ ಮುಗಿದ ಮೇಲೆ ಮಾಸ್ಕೋ ವಿಮಾನ ಹತ್ತದೆ ಅಲ್ಲಿನ ಹಾಕಿ ತಂಡ ಬಫಲೋ ಸೇಬರ್ಸ್‌ನವರ ಜೊತೆ ಅಮೆರಿಕ ಸೇರಿಕೊಂಡರು. ತಂಡ ಒಂದೇ, ವರ್ಷವೂ ಒಂದೇ, ನಿಮ್ಮ ವರದಿಗಾರರಿಗೆ ಎರಡೂ ಕಥೆ ಕಲಸಿಹೋಗಿರಬೇಕು.

ನಾನು ತೊಂಬತ್ತರ ದಶಕದಲ್ಲಿ ಕೆಲಸದ ಮೇಲೆ ಕೆಲವು ವರ್ಷ ಡೆಟ್ರಾಯಿಟ್ ಹತ್ತಿರ ಇದ್ದೆ. ಚಳಿಗಾಲದಲ್ಲಿ ಅಲ್ಲಿ ಆಫೀಸಿನಲ್ಲಿ ಹಾಕಿ ಬಿಟ್ಟು ಬೇರೆ ಮಾತೇ ಇಲ್ಲ. ಕ್ರಿಕೆಟ್ ಬಿಟ್ಟು ಏನೂ ಗೊತ್ತಿಲ್ಲದ ನನಗೂ ಆ ಹುಚ್ಚು ಹತ್ತಿತು, ಅದಕ್ಕೇ ಇಷ್ಟು ಉದ್ದ ಬರೀತಿದ್ದೇನೆ.

ಡಿಫೆನ್ಸ್‌ಮನ್ ಅಂದರೆ ಗೋಲಿನ ಮುಂದೆ ಗೋಡೆ ಥರ ನಿಲ್ಲೋನು ಅಂತ ನಾವು ಅಂದುಕೊಳ್ಳುತ್ತೇವೆ. ಐಸ್ ಮೇಲೆ ಗೋಲ್‌ಕೀಪರ್ ಬಿಟ್ಟರೆ ಒಂದು ತಂಡಕ್ಕೆ ಐದೇ ಜನ, ಮೂವರು ಫಾರ್ವರ್ಡ್, ಇಬ್ಬರು ಡಿಫೆನ್ಸ್. ಮುಕ್ಕಾಲು ನಿಮಿಷಕ್ಕೆಲ್ಲ ಏದುಸಿರು, ಆ ಐವರು ಬೆಂಚಿಗೆ, ಬೇರೆ ಐವರು ಒಳಗೆ. ಫೆಟಿಸೊವ್ ಪಕ್ (ಚೆಂಡಿನ ಬದಲು ಆಡುವ ರಬ್ಬರ್ ಬಿಲ್ಲೆ) ಕಿತ್ತುಕೊಂಡವರೇ ತಲೆ ಎತ್ತಿ ಪಾಸ್ ಕೊಟ್ಟು, ಅದರ ಹಿಂದೆಯೇ ತಾವೂ ಜಾರಿಕೊಂಡು ಬರುತ್ತಿದ್ದರು. ಮೂವರು ಬರ್ತಾರೆ ಅಂತ ಎದುರಾಳಿ ಲೆಕ್ಕ ಹಾಕಿಕೊಂಡಿದ್ದರೆ ನಾಲ್ಕನೆಯವರಾಗಿ ಇವರು ಹಾಜರು. ಜೊತೆಗೆ ಕಸಾತೊನೊವ್, ಮುಂದೆ ಲಾರಿಯೊನೊವ್, ಮಕಾರೊವ್, ಕ್ರುಟೊವ್. ಆ ಐವರು ಪಕ್ ಆಡಿಸುವುದನ್ನು ಹಳೆಯ ಟೇಪುಗಳಲ್ಲಿ ನೋಡಿದರೆ ಎದುರಾಳಿಗಳ ಮೇಲೆ ಅಯ್ಯೋ ಅನಿಸುತ್ತದೆ.

ಅವರ ಕ್ಲಬ್ ಮಾಸ್ಕೋದ ಸಿಎಸ್‌ಕೆಎ, ಅಂದರೆ ಸೇನೆಯ ತಂಡ. 1977ರಿಂದ 1989ರವರೆಗೆ ಸತತ 13 ವರ್ಷ ದೇಶದ ಚಾಂಪಿಯನ್. ಫೆಟಿಸೊವ್ 1980ರ ಲೇಕ್ ಪ್ಲಾಸಿಡ್ ಒಲಿಂಪಿಕ್ಸ್‌ನಲ್ಲಿ ಅಮೆರಿಕದ ಕಾಲೇಜು ಹುಡುಗರಿಗೆ 4-3ರಲ್ಲಿ ಸೋತ ತಂಡದಲ್ಲೂ ಇದ್ದರು, 1984 ಮತ್ತು 1988ರಲ್ಲಿ ಚಿನ್ನ ಗೆದ್ದ ತಂಡಗಳಲ್ಲೂ ಇದ್ದರು. ವಿಶ್ವ ಚಾಂಪಿಯನ್‌ಶಿಪ್ ಚಿನ್ನವೇ ಏಳು. ಆದರೆ ಸೇನೆಯ ತಂಡ ಅಂದಮೇಲೆ ಆಟಗಾರರೂ ಸೇನೆಯವರೇ, ಸಮವಸ್ತ್ರ, ಪದವಿ ಎಲ್ಲ ಉಂಟು. ಕೋಚ್ ವಿಕ್ಟರ್ ಟಿಖೊನೊವ್ ವರ್ಷದ ಬಹುಪಾಲು ಅವರನ್ನು ಶಿಬಿರದಲ್ಲೇ ಕೂಡಿಹಾಕುತ್ತಿದ್ದರು. ಮಾಸ್ಕೋದಲ್ಲೇ ಮನೆ, ಹೆಂಡತಿ ಮಕ್ಕಳು ಅಲ್ಲೇ, ಆದರೂ ಹೋಗುವ ಹಾಗಿಲ್ಲ.

ಉತ್ತರ ಅಮೆರಿಕದ ವೃತ್ತಿಪರ ಲೀಗ್ ಎನ್‌ಎಚ್‌ಎಲ್‌ನ ತಂಡ ನ್ಯೂಜೆರ್ಸಿ ಡೆವಿಲ್ಸ್ 1983ರಲ್ಲೇ ಡ್ರಾಫ್ಟ್‌ನಲ್ಲಿ (ತಂಡಗಳು ಸರದಿಯ ಮೇಲೆ ಆಟಗಾರರನ್ನು ಆರಿಸಿಕೊಳ್ಳೋದು) ಅವರ ಹೆಸರು ಹಿಡಿದಿಟ್ಟಿತ್ತು. 1988ರ ಒಲಿಂಪಿಕ್ಸ್ ಮುಗಿಯಲಿ, ಬಿಡುತ್ತೇವೆ ಎಂಬ ಮಾತು ಸಿಕ್ಕಿತ್ತು. ಮುಗಿಯಿತು, ಬಿಡಲಿಲ್ಲ. ಆಗ ಲಾರಿಯೊನೊವ್ 'ಅಗನ್ಯೋಕ್' ವಾರಪತ್ರಿಕೆಯಲ್ಲಿ ಟಿಖೊನೊವ್‌ಗೆ ಬಹಿರಂಗ ಪತ್ರ ಬರೆದು ಶಿಬಿರದ ಬದುಕನ್ನೆಲ್ಲ ಬಯಲಿಗೆ ಹಾಕಿದರು. (ಪತ್ರಿಕೆಗೆ ಪತ್ರ ಬರೆದರೆ ಏನಾಗುತ್ತೆ ಅಂತ ನಗುವ ನನ್ನ ಹೆಂಡತಿಗೆ ಇದನ್ನು ಎಷ್ಟು ಸಲ ಹೇಳಿದ್ದೇನೋ.) 1989ರ ಆರಂಭದಲ್ಲಿ ಫೆಟಿಸೊವ್ ಕೂಡ ಪತ್ರಿಕೆಗೇ ಹೇಳಿಬಿಟ್ಟರು, ಟಿಖೊನೊವ್ ಕೈಕೆಳಗೆ ಇನ್ನು ಆಡಲ್ಲ ಅಂತ. ತಂಡದ ನಾಯಕ, ಮೇಲೆ ಸೇನಾಧಿಕಾರಿ, ಹೀಗೆ ಬಾಯಿ ಬಿಡೋದು ಸಣ್ಣ ಮಾತಲ್ಲ. ತಂಡದಿಂದ ಹೊರಗೆ ಹಾಕಿದರು. ಒಬ್ಬರೇ ಅಭ್ಯಾಸ ಮಾಡಿಕೊಂಡಿದ್ದರು. ಸ್ಟಾಕ್‌ಹೋಮ್‌ಗೆ ಹೊರಡುವ ಮೊದಲು ಜೊತೆಗಾರರೇ ಟಿವಿಯಲ್ಲಿ ಕೂತು, ಫೆಟಿಸೊವ್ ಇಲ್ಲದಿದ್ದರೆ ನಾವೂ ಇಲ್ಲ ಅಂದರು. ವಾಪಸ್ ಕರೆಯಲೇಬೇಕಾಯಿತು, ಚಿನ್ನವೂ ಬಂತು.

ಮೊಗಿಲ್ನಿ ಜಾರಿಕೊಂಡದ್ದು ಅದೇ ಸ್ಟಾಕ್‌ಹೋಮ್‌ನಿಂದ. ಫೆಟಿಸೊವ್‌ಗೂ ಆ ದಾರಿ ಇರಲಿಲ್ವಾ? ಅಷ್ಟು ಜಗಳ ಆದಮೇಲೂ ಅವರು ತಂಡದ ಜೊತೆ ಮಾಸ್ಕೋಗೇ ಮರಳಿದರು, ಸೇನೆಯಿಂದ ಬಿಡುಗಡೆ ಪಡೆದರು, ಸಂಬಳದಲ್ಲಿ ಸರ್ಕಾರಕ್ಕೆ ದೊಡ್ಡ ಪಾಲು ಕೊಡಲ್ಲ ಅಂತ ಪಟ್ಟು ಹಿಡಿದರು, ಆಮೇಲೆ ಮುಂಬಾಗಿಲಿಂದಲೇ ಡೆವಿಲ್ಸ್‌ಗೆ ಹೊರಟರು. ಆಗ ವಯಸ್ಸು 31. ಲಾರಿಯೊನೊವ್, ಮಕಾರೊವ್, ಕ್ರುಟೊವ್ ಕೂಡ ಆ ವರ್ಷವೇ ಕಾನೂನಿನ ಪ್ರಕಾರವೇ ಹೋದರು. ಇದನ್ನು ಓಡಿಹೋಗೋದು ಅಂತಾರಾ?

ಅಮೆರಿಕದಲ್ಲಿ ಮೊದಲು ಸುಖವೇನೂ ಇರಲಿಲ್ಲ. ರಿಂಕ್ (ಆಡುವ ಐಸ್ ಅಂಗಳ) ಕಿರಿದು, ಆಟ ಒರಟು, ಪಕ್ಕನ್ನು ಮುಂದಕ್ಕೆ ಹೊಡೆದು ಹಿಂದೆ ಓಡುವ ಪದ್ಧತಿ. 1995ರ ಏಪ್ರಿಲ್‌ನಲ್ಲಿ ಡೆವಿಲ್ಸ್ ಅವರನ್ನು ಡೆಟ್ರಾಯಿಟ್ ತಂಡಕ್ಕೆ ದಾಟಿಸಿತು. ಅದೇ ಜೂನ್‌ನಲ್ಲಿ ಫೈನಲ್‌ನಲ್ಲಿ ಡೆಟ್ರಾಯಿಟನ್ನು 4-0 ಬಗ್ಗುಬಡಿದು ಲೀಗಿನ ಪ್ರಶಸ್ತಿಯಾದ ಸ್ಟ್ಯಾನ್ಲಿ ಕಪ್ ಗೆದ್ದದ್ದು ಯಾರು ಅಂದುಕೊಂಡಿರಿ? ಇದೇ ಡೆವಿಲ್ಸ್. ಹಣೆಬರಹ ನೋಡಿ.

ಆ ಅಕ್ಟೋಬರ್‌ನಲ್ಲಿ ಕೋಚ್ ಸ್ಕಾಟಿ ಬೌಮನ್ ಐವರು ರಷ್ಯನ್ನರನ್ನು ಒಟ್ಟಿಗೆ ಇಳಿಸಿದರು: ಫೆಟಿಸೊವ್, ಕಾನ್‌ಸ್ಟಾಂಟಿನೊವ್, ಲಾರಿಯೊನೊವ್, ಫೆಡೊರೊವ್, ಕೊಜ್ಲೊವ್. ಹಳೆಯ ಮಾಸ್ಕೋ ಆಟ ಡೆಟ್ರಾಯಿಟ್‌ನಲ್ಲಿ ಶುರುವಾಯಿತು. ಪಕ್ ಸಿಕ್ಕರೆ ಬಿಟ್ಟುಕೊಡೋ ಮಾತೇ ಇಲ್ಲ, ದಾರಿ ಇಲ್ಲದಿದ್ದರೆ ಹಿಂದಕ್ಕೆ ತಿರುಗಿ ಮತ್ತೆ ಹೊಸದಾಗಿ ಕಟ್ಟಿಕೊಂಡು ಬರೋದು. ನಮ್ಮ ಆಫೀಸಿನ ಹಳಬರು ಮೊದಲು ಗೊಣಗಿದರು, ಆಮೇಲೆ ಬಾಯಿ ತೆರೆದು ನೋಡಿದರು. 1997ರ ಜೂನ್ 7ರಂದು 42 ವರ್ಷಗಳ ಮೇಲೆ ಕಪ್ ಊರಿಗೆ ಬಂತು. ಫೆಟಿಸೊವ್, ಲಾರಿಯೊನೊವ್ ಇಬ್ಬರೂ ಒಟ್ಟಿಗೆ ಕಪ್ ಎತ್ತಿಕೊಂಡು ರಿಂಕ್ ಸುತ್ತಿದರು. ಆ ರಾತ್ರಿ ಊರಲ್ಲಿ ಕಾರ್ ಹಾರ್ನ್ ನಿಲ್ಲಲೇ ಇಲ್ಲ.

ಆರೇ ದಿನ. ಬಾಡಿಗೆ ಲಿಮೋಸಿನ್ ಮರಕ್ಕೆ ಗುದ್ದಿತು. ಒಳಗೆ ಫೆಟಿಸೊವ್, ಕಾನ್‌ಸ್ಟಾಂಟಿನೊವ್, ತಂಡದ ಮಸಾಜ್ ಮಾಡುವ ಮ್ನಾತ್ಸಕಾನೊವ್. ಫೆಟಿಸೊವ್ ಚೇತರಿಸಿಕೊಂಡರು, ಉಳಿದ ಇಬ್ಬರಿಗೆ ಮೊದಲಿನ ಬದುಕು ಮತ್ತೆ ಸಿಗಲಿಲ್ಲ. 1985ರಲ್ಲಿ ತಾವೇ ಓಡಿಸುತ್ತಿದ್ದ ಕಾರಿನ ಅಪಘಾತದಲ್ಲಿ ಒಡಹುಟ್ಟಿದ ತಮ್ಮ ಅನಾತೊಲಿಯನ್ನು ಕಳೆದುಕೊಂಡಿದ್ದ ಮನುಷ್ಯ ಅವರು. ಆ ಆಗಸ್ಟ್‌ನಲ್ಲಿ ಲಾರಿಯೊನೊವ್, ಕೊಜ್ಲೊವ್ ಜೊತೆ ಕಪ್ಪನ್ನು ಮೊದಲ ಬಾರಿಗೆ ಮಾಸ್ಕೋಗೆ ಒಯ್ದರು. ಮರುವರ್ಷ ಇನ್ನೊಂದು ಕಪ್ ಗೆದ್ದು, 40ನೇ ವಯಸ್ಸಿನಲ್ಲಿ ನಿವೃತ್ತಿ. ಎನ್‌ಎಚ್‌ಎಲ್‌ನಲ್ಲಿ ಆಡಿದ್ದು 546 ಪಂದ್ಯ, ಗೋಲು 36 ಅಷ್ಟೇ, ಆದರೆ ಅಸಿಸ್ಟ್, ಅಂದರೆ ಬೇರೆಯವರ ಗೋಲಿಗೆ ಕೊಟ್ಟ ಪಾಸ್, 192. ಪಾಸ್ ಕೊಡೋ ಕೈ ಅದು.

ಅವರನ್ನು ದೇವರು ಮಾಡೋಕೆ ನಾನು ಬರೆಯುತ್ತಿಲ್ಲ. ಆಮೇಲೆ ರಷ್ಯಾದ ಕ್ರೀಡಾ ಇಲಾಖೆಯ ಮುಖ್ಯಸ್ಥರಾದರು, ಸೆನೆಟರ್ ಆದರು, ಪುಟಿನ್ ಪಕ್ಷದಿಂದ ಡೂಮಾ (ಸಂಸತ್ತಿನ ಕೆಳಮನೆ) ಸದಸ್ಯರಾದರು. 28 ತುಂಬುವವರೆಗೆ ರಷ್ಯಾದ ಆಟಗಾರರು ಹೊರದೇಶಕ್ಕೆ ಹೋಗದಂತೆ ತಡೆಯಬೇಕು ಅನ್ನೋ ಮಾತು ಎತ್ತಿದ್ದೂ ಇದೇ ಫೆಟಿಸೊವ್. ಓದಿದ ದಿನ ನನಗೆ ಕಾಫಿ ರುಚಿಸಲಿಲ್ಲ. ಇದನ್ನು ಹಾಕಿ ಬೈದಿದ್ದರೆ ನಾನು ಪತ್ರ ಬರೆಯುತ್ತಲೇ ಇರಲಿಲ್ಲ.

ಜಾಗ ಇದ್ದರೆ ನಾಳೆ ಒಂದು ಸಾಲಿನ ತಿದ್ದುಪಡಿ ಹಾಕಿ. ಚಿತ್ರವನ್ನೂ ಬದಲಾಯಿಸಿದರೆ ಸಂತೋಷ.

ಇತಿ,
ನಿಮ್ಮ ಹಳೆಯ ಓದುಗ, ಮೈಸೂರು